ಮೂಸಿದ ಮಾಲೆ

ಹೇಳುವುದೇ ಆದರೆ ದೋಣಿ ಬರುವ ಮುಂಚೆ ಹೇಳಿಬಿಡಬೇಕು. ಆದರೆ ಈಗ ಹೇಳಿದರೆ ಅವಳ ಕೈ ಇನ್ನಷ್ಟು ನಡುಗೀತು, ಆ ಕೈಯ ಕೆಲಸ ನೋಡುವುದಕ್ಕೇ ತಾನೆ ಪ್ರವಾಸದ ಕಂಪನಿಯಿಂದ ಮೇಡಂ ಬರುತ್ತಿರುವುದು. ಹೇಳದೆ ಬಿಟ್ಟರೆ, ಏನೂ ಅರಿಯದವಳನ್ನು ಕರೆತಂದು ಪರೀಕ್ಷೆಗೆ ಕೂರಿಸಿದ ಹಾಗಾಗುತ್ತದೆ. ಬಾಳೆಎಲೆಯ ಕಟ್ಟುಗಳ ಹಿಂದೆ ನಿಂತುಕೊಂಡು ಥವಿ ಇದನ್ನೇ ಮತ್ತೆ ಮತ್ತೆ ಮನಸ್ಸಿನಲ್ಲಿ ತಿರುವಿ ಹಾಕುತ್ತಿದ್ದ. ಬೆಳಗಿನ ಏಳು ಗಂಟೆ. ಪಾಕ್ ಖ್ಲೊಂಗ್ ಹೂಪೇಟೆಯ ನೆಲವೆಲ್ಲ ಒದ್ದೆ. ನಾಳೆ ಅಮ್ಮಂದಿರ ದಿನವಾದ್ದರಿಂದ ಬ್ಯಾಂಕಾಕಿನ ಮಕ್ಕಳೆಲ್ಲ ಮಲ್ಲಿಗೆಗೆ ಮುಗಿಬೀಳುತ್ತಾರೆ. ಐಸಿನ ಪೆಟ್ಟಿಗೆಗಳಲ್ಲಿ, ಪ್ಲಾಸ್ಟಿಕ್ ಚೀಲಗಳಲ್ಲಿ, ಹಳೆಯ ಸೀರಿಯಲ್ ಬಲ್ಬುಗಳ ಕೆಳಗಿನ ತಟ್ಟೆಗಳಲ್ಲಿ ಬಿಳಿ ಮೊಗ್ಗು ಬಿಟ್ಟು ಬೇರೆ ಬಣ್ಣವೇ ಕಾಣುತ್ತಿರಲಿಲ್ಲ. ಎಲೆಗಳ ಸಂದಿಯಿಂದ ಅವನಿಗೆ ಅವಳ ಎಡಗೈ ಮಾತ್ರ ಕಾಣುತ್ತಿತ್ತು. ಗೇಣುದ್ದಕ್ಕೂ ಮೀರಿದ ಸೂಜಿಯನ್ನು ಆ ಕೈ ಹಿಡಿದಿತ್ತು. ಸೂಜಿಯ ತುದಿ ಗಾಳಿಯಲ್ಲಿ ಏನನ್ನೋ ಹುಡುಕುವ ಹಾಗೆ ಸಣ್ಣಗೆ ಅಲುಗಿ, ಆಮೇಲೆ ಮೊಗ್ಗಿನ ತೊಟ್ಟನ್ನು ಸಿಕ್ಕಿಸಿಕೊಳ್ಳುತ್ತಿತ್ತು. ಆ ಕೈ ಅವನ ತಾಯಿಯದು. ಈ ಪೇಟೆಯಲ್ಲಿ ಅದು ಎಲ್ಲರಿಗೂ ಗೊತ್ತು. ಅವನು ಕರೆದುಕೊಂಡು ಬರುವ ಪ್ರವಾಸಿಗಳಿಗೆ ಗೊತ್ತಿಲ್ಲ, ಅವನಿಗೆ ಸಂಬಳ ಕೊಡುವ ಕಂಪನಿಗೂ ಗೊತ್ತಿಲ್ಲ.

ಮುಂದಿನ ತಿಂಗಳಿನಿಂದ ಪ್ರವಾಸಿಗಳಿಗೆ ಹೂ ಕಟ್ಟಿ ತೋರಿಸುವ ಪಾಠವನ್ನು ಹೋಟೆಲಿನ ತಂಪು ಕೋಣೆಗೆ ಬದಲಾಯಿಸುವ ಯೋಚನೆ ಕಂಪನಿಯವರದು. ಅಲ್ಲಿ ರೇಷ್ಮೆ ಉಟ್ಟ ಹುಡುಗಿಯರು ಕಲಿಸುತ್ತಾರಂತೆ, ಕೂರಲು ಕುರ್ಚಿ ಇರುತ್ತದಂತೆ. ಇಲ್ಲಿಯದನ್ನು ಒಂದು ಸಲ ಕಣ್ಣಾರೆ ನೋಡಿ ಈವತ್ತೇ ತೀರ್ಮಾನಿಸುತ್ತೇವೆ ಎಂದು ನಿನ್ನೆ ಫೋನಿನಲ್ಲಿ ತಿಳಿಸಿದ್ದರು. ತಾಯಿಗೆ ಇದರಿಂದ ಊಟಕ್ಕೇನೂ ಕೊರತೆ ಬೀಳುವುದಿಲ್ಲ. ಅವಳ ಮಾಲೆಗೆ ಗಿರಾಕಿಗಳಿದ್ದಾರೆ. ಆದರೆ ವಾರಕ್ಕೆ ಮೂರು ಬೆಳಗು ಮಗ ಬಂದು ಎದುರಿಗೆ ಮುಕ್ಕಾಲು ಗಂಟೆ ನಿಲ್ಲುತ್ತಾನೆ, ಅದು ನಿಂತುಹೋಗುತ್ತದೆ. ನಿಂತರೆ ಅವರಿಬ್ಬರ ನಡುವೆ ಉಳಿಯುವುದು ಭಾನುವಾರ ಮಾತ್ರ. ಅವಳ ಕೋಣೆಯಲ್ಲಿ ಟಿವಿ ಹಾಕಿಕೊಂಡು, ಬಟ್ಟಲಲ್ಲಿ ಅನ್ನ ಹಿಡಿದುಕೊಂಡು, ಒಬ್ಬರ ಮುಖ ಒಬ್ಬರು ನೋಡದೆ ಕೂರುವ ಭಾನುವಾರ. ದಿನಕ್ಕೆ ನಾಲ್ಕೈದು ಗಂಟೆ ಮಾತಾಡುವುದೇ ಕಸುಬಾದವನಿಗೆ ಆ ಕೋಣೆಯೊಳಗೆ ಕಾಲಿಟ್ಟ ಕೂಡಲೇ ನಾಲಿಗೆ ದಪ್ಪವಾಗುತ್ತಿತ್ತು. ನದಿಯಾಚೆ ಥೊನ್‌ಬುರಿಯಲ್ಲಿ ಅವನದೂ ಒಂದು ಬಾಡಿಗೆ ಕೋಣೆ ಇತ್ತು. ಅಲ್ಲಿ ಮಾತಾಡಲು ಯಾರೂ ಇಲ್ಲದ್ದರಿಂದ ಈ ತೊಂದರೆ ಇರಲಿಲ್ಲ.

ಎಲೆಗಳ ಮರೆಯಿಂದ ಈಚೆ ಬಂದ ಮೇಲೆ ಅವನನ್ನು ಮೊದಲು ಕಂಡವಳು ಪಕ್ಕದಲ್ಲಿ ಚೆಂಡುಹೂ ಮಾರುವ ಕಿಮ್‌ಲಾಂಗ್ ಅಕ್ಕ. ಅವಳ ಬಾಯಿಗೆ ಪೇಟೆಯೆಲ್ಲ ಹೆದರುತ್ತಿತ್ತು.

"ಏನಪ್ಪಾ, ಈವತ್ತು ಬಾವುಟ ಇಲ್ದೆ ಬಂದ್ಬಿಟ್ಟಿದೀಯ? ಬಿಳೀ ಜನ ಎಲ್ಲಿ ಕಳಕೊಂಡೆ?"

ಅವರು ಇನ್ನೂ ಬರಬೇಕೆಂದು ಅವನು ಹೇಳಿದ. ತಾಯಿ ತಲೆಯೆತ್ತಲಿಲ್ಲ. ಊಟ ಆಯಿತಾ ಎಂದು ಅವಳು ಕೇಳಿದಳು, ಆಯಿತು ಎಂದು ಅವನು ಸುಳ್ಳು ಹೇಳಿದ. ಅಂಟನ್ನದ ಒಂದು ಪೊಟ್ಟಣವನ್ನು ಮೊಣಕೈಯಿಂದಲೇ ಅವನ ಕಡೆ ತಳ್ಳಿ, ಅವಳು ಮತ್ತೆ ಸೂಜಿಯ ಕಡೆ ಬಾಗಿದಳು. ಅವನು ಆ ಪೊಟ್ಟಣವನ್ನು ಕೈಯಲ್ಲಿ ಹಿಡಿದುಕೊಂಡು, ಈವತ್ತು ಕಂಪನಿಯವರೊಬ್ಬರು ಬರ್ತಾರೆ ಎಂದು ಶುರುಮಾಡಿದ. ಬರಲಿ, ಅದಕ್ಕೇನು, ಎಂದಳು. ಅವರು ನೋಡ್ತಾರೆ, ಎಂದ. ನೋಡೋಕೆ ತಾನೆ ಎಲ್ಲಾರೂ ಬರೋದು, ಎಂದಳು. ಅಲ್ಲಿಗೆ ಅವನು ಹೇಳಬೇಕೆಂದಿದ್ದ ಮಾತು ಮುಗಿದೇಹೋಯಿತು. ಪೊಟ್ಟಣ ಇನ್ನೂ ಬೆಚ್ಚಗಿತ್ತು. ಅವನು ಬರುತ್ತಾನೆಂದು ಅವಳು ಅದನ್ನು ಮಡಿಲಿನಲ್ಲಿ ಇಟ್ಟುಕೊಂಡಿದ್ದಿರಬೇಕು.

ಆರು ವರ್ಷದ ಹಿಂದೆ ಅವನು ಮೊದಲ ಗುಂಪನ್ನು ಈ ಸಾಲಿಗೆ ಕರೆತಂದಾಗ ಏನು ಹೇಳಬೇಕೆಂದು ತೀರ್ಮಾನಿಸಿರಲಿಲ್ಲ. ಬೇರೆ ಅಂಗಡಿಗೇ ಹೋಗಬಹುದಿತ್ತು. ಆದರೆ ಅವಳ ಮಾಲೆ ಕಂಡು ಜನ ತಾವಾಗಿಯೇ ನಿಂತುಬಿಟ್ಟರು. ನಿಲ್ಲದೆ ಇರುವುದು ಹೇಗೆ? ಅವಳು ಕಟ್ಟಿದ ಮಾಲೆಯಲ್ಲಿ ಮೊಗ್ಗುಗಳು ಸುತ್ತು ಸುತ್ತಾಗಿ, ಒಂದು ಸಾಲಿನ ಸಂದಿಗೆ ಮುಂದಿನ ಸಾಲು ಸರಿಯಾಗಿ ಕೂತು, ಕೈಯಲ್ಲಿ ಹಿಡಿದರೆ ಯಾವುದೋ ಬಿಳಿಯ ಪ್ರಾಣಿಯ ಮೈ ಹಾಗೆ ನುಣುಪಾಗಿರುತ್ತಿತ್ತು. ತೊಟ್ಟುಗಳು ಕೂದಲೆಳೆಯಷ್ಟು ಹೆಚ್ಚುಕಮ್ಮಿಯಾದರೂ ಮಾಲೆಗೆ ಸೊಂಟ ಬರುತ್ತದೆ ಎಂದು ಅವಳು ಹೇಳುತ್ತಿದ್ದಳು. ಅಂದು ಗುಂಪು ನಿಂತಿತು, ಅವನೂ ನಿಂತ, ಅವನ ಬಾಯಿ ತೆರೆದೇ ಇತ್ತು. ಆಗ ಅವಳೇ ತಲೆಯೆತ್ತಿ, ಅಪರಿಚಿತ ಗಿರಾಕಿಯ ಮುಂದೆ ನಗುವ ನಗೆ ನಕ್ಕು, "ಬನ್ನಿ ಗೈಡ್ ಸಾಹೇಬ್ರೇ, ನಿಮ್ಮೋರಿಗೆ ಕಟ್ಟಿ ತೋರಿಸ್ಲಾ?" ಎಂದಿದ್ದಳು. ಅವನ ಎದೆಯಿಂದ ಏನೋ ಇಳಿದ ಹಾಗಾಗಿ, "ತೋರ್ಸಿ ದೊಡ್ಡಮ್ಮ" ಎಂದುಬಿಟ್ಟಿದ್ದ. ಪೇಟೆಯಲ್ಲಿ ವಯಸ್ಸಾದ ಯಾವ ಹೆಂಗಸನ್ನಾದರೂ ಹಾಗೆ ಕರೆಯಬಹುದು. ಆಮೇಲೆ ಆರು ವರ್ಷ ಅದೇ ನಡೆಯಿತು. ಗೈಡುಗಳು ಸಂಬಂಧಿಕರ ಅಂಗಡಿಗೆ ಜನರನ್ನು ಕರೆದೊಯ್ಯಬಾರದೆಂದು ಕಂಪನಿಯ ನಿಯಮವೇ ಇತ್ತು. ಆ ನಿಯಮವನ್ನು ಓದಿದ ದಿನ ಅವನಿಗೆ ಎಷ್ಟು ಹಾಯೆನಿಸಿತ್ತೆಂದರೆ, ಕಾಗದವನ್ನು ಮಡಿಸಿ ಪರ್ಸಿನಲ್ಲಿ ಇಟ್ಟುಕೊಂಡಿದ್ದ. ಆ ನಿಯಮ ತನಗೆ ಗೊತ್ತಾದದ್ದು ಅವಳನ್ನು ದೊಡ್ಡಮ್ಮ ಎಂದು ಕರೆದು ನಾಲ್ಕು ತಿಂಗಳಾದ ಮೇಲೆ ಎಂಬುದನ್ನು ಮಾತ್ರ ಅವನು ನೆನೆಸಿಕೊಳ್ಳಲು ಹೋಗುತ್ತಿರಲಿಲ್ಲ. ಇವಳು ಅರಮನೆಯ ಊಳಿಗದವಳೊಬ್ಬಳಿಂದ ಈ ವಿದ್ಯೆ ಕಲಿತವಳು ಎಂದು ಇಂಗ್ಲಿಷಿನಲ್ಲಿ ಒಂದು ಕತೆಯನ್ನೂ ಕಟ್ಟಿದ್ದ. ಅವಳು ಕಲಿತದ್ದು ದೇವಾಲಯದ ಗೇಟಿನ ಹತ್ತಿರ, ಕಾಲಿಲ್ಲದ ಒಬ್ಬ ಮುದುಕಿಯಿಂದ. ತಾಯಿಗೆ ಇಂಗ್ಲಿಷ್ ಬಾರದು. ಆದರೂ ಅವನ ಮಾತಿನಲ್ಲಿ 'ಪ್ಯಾಲೇಸ್' ಎಂಬ ಶಬ್ದ ಬಂದಾಗಲೆಲ್ಲ ಅವಳು ಬೆನ್ನು ನೆಟ್ಟಗೆ ಮಾಡಿಕೊಳ್ಳುತ್ತಿದ್ದಳು.

ದೋಣಿಕಟ್ಟೆಯಲ್ಲಿ ಏಳು ಜನ ಇಳಿದರು. ಕೊನೆಗೆ ಇಳಿದವಳು ನಿರಮೊನ್ ಮೇಡಂ. ಮೂವತ್ತು ವರ್ಷ ದಾಟಿರದ ಅವಳು ಅವನಿಗೆ ಚೆನ್ನಾಗಿಯೇ ಕೈಮುಗಿದಳು. ತಾನು ಇಲ್ಲವೆಂದೇ ತಿಳಿದುಕೊಳ್ಳಿ, ಎಂದಿನ ಹಾಗೆ ಮಾಡಿ ಎಂದಳು. ಅವನು ಹಳದಿ ಬಾವುಟ ಎತ್ತಿಕೊಂಡು ಎಂದಿನ ಹಾಗೆ ನಡೆದ. ಎಂದಿನ ಹಾಗೆ ತಾವರೆ ಮೊಗ್ಗಿನ ಎಸಳುಗಳನ್ನು ಒಳಕ್ಕೆ ಮಡಿಸುವ ಹೆಂಗಸಿನ ಎದುರು ನಿಲ್ಲಿಸಿದ, ಬಾಳೆಎಲೆಯನ್ನು ಬೆರಳಿನ ಹಾಗೆ ಸುತ್ತಿ ಗೋಪುರ ಏರಿಸುವವನ ಎದುರು ನಿಲ್ಲಿಸಿದ, ಎಕ್ಕದ ಹೂವಿನ ರಾಶಿಯನ್ನು ತೋರಿಸಿದ. ಬಾಯಿ ತಾನಾಗಿಯೇ ಮಾತಾಡುತ್ತಿತ್ತು. ಎಷ್ಟೋ ದಿನದಿಂದ ಹೀಗೆ. ಬಾಯಿ ಒಬ್ಬನದು, ಒಳಗೆ ಕೂತು ಕೇಳುವವನು ಇನ್ನೊಬ್ಬ. ಕೇಳುವವನಿಗೆ ಬೇಸರ ಬಂದು ವರ್ಷಗಳಾಗಿದ್ದವು. ಈವತ್ತು ಒಳಗಿನವನು ಅವಳ ಕೈಯನ್ನೇ ಕಾಣುತ್ತಿದ್ದ. ಅದರಿಂದಾಗಿಯೇ, ಪ್ರತಿ ಸಲವೂ ತಪ್ಪದೆ ಹೇಳುತ್ತಿದ್ದ ಒಂದು ಮಾತನ್ನು ಥವಿ ಈವತ್ತು ಮರೆತುಬಿಟ್ಟ. ದೇವರಿಗೆಂದು ಕಟ್ಟಿದ ಹೂವನ್ನು ಮೂಸಬಾರದು, ಮೂಸಿದರೆ ಅದು ಎಂಜಲಾಯಿತು ಎಂಬ ಮಾತು.

ತಾಯಿ ಅವರನ್ನು ನೋಡಿ ಕೈಮುಗಿದಳು. ಸೂಜಿಗೆ ವ್ಯಾಸಲೀನ್ ಸವರಿದಳು. ಮೊದಲ ಎರಡು ಸುತ್ತು ಮೊಗ್ಗು ಸಲೀಸಾಗಿ ಕೂತವು. ಮೂರನೆಯ ಸುತ್ತಿನಲ್ಲಿ ಬೆರಳು ಅಲುಗಿ ಒಂದು ಮೊಗ್ಗು ಜಾರಿ ನೀರಿನಲ್ಲಿ ಬಿತ್ತು. ಅವಳು ಬೇರೆ ಮೊಗ್ಗು ತೆಗೆದುಕೊಂಡಳು. ಅದೂ ಜಾರಿತು. ಪ್ರವಾಸಿಗಳು ಸೌಜನ್ಯದಿಂದ ಬೇರೆ ಕಡೆ ನೋಡಿದರು. ಆ ಸೌಜನ್ಯ ಕಂಡು ಥವಿಯ ಕಿವಿ ಬಿಸಿಯಾಯಿತು. ಅವನು ಅರಮನೆಯ ಕತೆಯನ್ನು ಎತ್ತಿದ. ಅವಳು ಬೆನ್ನು ನೆಟ್ಟಗೆ ಮಾಡಿದಳು, ಕೈ ಮಾತ್ರ ಮಾತು ಕೇಳಲಿಲ್ಲ. ಆಗ ಹುಲ್ಲಿನ ಟೋಪಿ ಹಾಕಿದ್ದ ಒಬ್ಬ ಹಿರಿಯ ಹೆಂಗಸು, ಪಕ್ಕದ ಕೊಕ್ಕೆಯಲ್ಲಿ ತೂಗುಹಾಕಿದ್ದ ಮಾಲೆಯೊಂದನ್ನು ಎರಡೂ ಕೈಯಲ್ಲಿ ಎತ್ತಿ, ಕಣ್ಣು ಮುಚ್ಚಿಕೊಂಡು, ಮೂಗಿಗೆ ಒತ್ತಿಕೊಂಡು ದೀರ್ಘವಾಗಿ ಉಸಿರೆಳೆದಳು. ದೇವಾಲಯದವರು ಹೇಳಿ ಕಟ್ಟಿಸಿದ್ದ ಮಾಲೆ ಅದು. ಬೆಳಗಿನ ಜಾವದಿಂದ ತಾಯಿ ಕೂತದ್ದು ಅದಕ್ಕೇ. ಕಿಮ್‌ಲಾಂಗ್ ಅಕ್ಕನ ಕೈ ಚೆಂಡುಹೂವಿನ ಮೇಲೆ ಹಾಗೆಯೇ ನಿಂತಿತು. ತಾಯಿ ಒಂದು ಕ್ಷಣ ನೋಡಿದಳು. ಆಮೇಲೆ ನಕ್ಕು, ಎರಡು ಕೈ ಚಾಚಿ ಮಾಲೆಯನ್ನು ಹೆಂಗಸಿನಿಂದ ತೆಗೆದುಕೊಂಡು, ಕೊಕ್ಕೆಗೆ ಹಾಕದೆ ತನ್ನ ಮೊಣಕಾಲಿನ ಮೇಲೆ ಇಟ್ಟುಕೊಂಡಳು. ಇನ್ನೊಂದು ಕಟ್ಟಬೇಕು, ಅಷ್ಟೇ. ಏನೂ ಆಗದ ಹಾಗೆ ನುಂಗುವುದು ಅವಳಿಗೆ ಹೇಗೆ ಬರುತ್ತದೆ ಎಂದು ಥವಿ ಆಶ್ಚರ್ಯಪಡಲಿಲ್ಲ. ಅವನಿಗೆ ಗೊತ್ತಿತ್ತು. ಒಂಬತ್ತು ವರ್ಷದವನಾಗಿದ್ದಾಗಲೇ ನೋಡಿದ್ದ.

ನಿರಮೊನ್ ಮೇಡಂ ಅವನ ಹತ್ತಿರ ಬಂದು ಥಾಯ್ ಭಾಷೆಯಲ್ಲೇ, ದನಿಯನ್ನು ಅಷ್ಟೇನೂ ತಗ್ಗಿಸದೆ, ಮುದುಕಿಗೆ ಕೈ ನಡುಗುತ್ತಲ್ಲ, ಪಾಪ, ಎಷ್ಟು ವರ್ಷ ಆಯಿತು ಎಂದು ಕೇಳಿದಳು. ಎಪ್ಪತ್ತೊಂದು ಎಂದು ಬಾಯಿಗೆ ಬಂದದ್ದನ್ನು ತಡೆದುಕೊಂಡು, ಎಪ್ಪತ್ತರ ಹತ್ತಿರ ಇರಬಹುದೇನೋ ಎಂದ. ಅವಳು ಅವನ ಮುಖವನ್ನೇ ನೋಡಿದಳು. ಕೆಟ್ಟ ಕಣ್ಣೇನಲ್ಲ, ಬರಿ ಕುತೂಹಲ.

"ನಿಮಗೆ ಏನಾದ್ರೂ ಆಗ್ಬೇಕಾ ಇವರು? ಆರು ವರ್ಷದಿಂದ ಇದೊಂದೇ ಅಂಗಡಿಗೆ ಬರ್ತಿದೀರಲ್ಲ, ಅದಕ್ಕೆ ಕೇಳ್ದೆ."

"ಇಲ್ಲ ಮೇಡಂ. ಪೇಟೆಯೋರು, ಅಷ್ಟೇ."

ತಾಯಿ ಮಾರು ದೂರದಲ್ಲಿದ್ದಳು. ಸೂಜಿ ನಿಲ್ಲಲಿಲ್ಲ. ಕಿಮ್‌ಲಾಂಗ್ ಅಕ್ಕ ಚೆಂಡುಹೂವಿಗೆ ನೀರು ಚಿಮುಕಿಸುತ್ತ, ಯಾರಿಗೆ ಹೇಳುತ್ತಿದ್ದೇನೆಂದು ತೋರಿಸಿಕೊಳ್ಳದೆ, "ಹೌದಮ್ಮ, ಪೇಟೆಯೋರೇ. ಇಲ್ಲಿ ಕೆಲವರು ಹೂವಿನ ಬುಟ್ಟೀಲೇ ಹುಟ್ಟಿದ್ರು, ಈಗ ಹೂ ಕಂಡ್ರೆ ಯಾವ ಜಾತಿ ಅಂತ ಕೇಳ್ತಾರೆ" ಎಂದಳು. ಮೇಡಂ ಅರ್ಥವಾಗದೆ ನಕ್ಕಳು. ಥವಿಯೂ ನಕ್ಕ. ನಕ್ಕದ್ದು ಅವನ ಬಾಯಿ.

ಅವನ ಆ ಒಂಬತ್ತನೆಯ ವಯಸ್ಸಿನಲ್ಲಿ, ಶಾಲೆಯ ಸಭಾಂಗಣದಲ್ಲಿ ಕುರ್ಚಿಗಳನ್ನು ಸಾಲಾಗಿ ಇಟ್ಟಿದ್ದರು. ಒಂದೊಂದು ಕುರ್ಚಿಯಲ್ಲಿ ಒಬ್ಬೊಬ್ಬ ಅಮ್ಮ. ಅಮ್ಮಂದಿರ ದಿನದ ಕರೆಯೋಲೆಯನ್ನು ಅವನು ಲೆಕ್ಕದ ಪುಸ್ತಕದ ಹೊದಿಕೆಯೊಳಗೆ ತೂರಿಸಿಟ್ಟು, ಅಮ್ಮ ಊರಲ್ಲಿಲ್ಲ ಎಂದು ಟೀಚರಿಗೆ ಹೇಳಿದ್ದ. ಅಮ್ಮ ಆಗ ಸಿಗ್ನಲ್ ಕೆಂಪಾದಾಗ ಕಾರುಗಳ ನಡುವೆ ಓಡಾಡಿ ಮಾಲೆ ಮಾರುತ್ತಿದ್ದಳು. ತಲೆಗೆ ಟವೆಲು, ಮುಖಕ್ಕೆ ಬಿಸಿಲು ತಾಗದಿರಲೆಂದು ಬಳಿದ ಪುಡಿ. ತರಗತಿಯ ಹುಡುಗನೊಬ್ಬ ಅಪ್ಪನ ಕಾರಿನ ಕಿಟಕಿಯಿಂದ ಅವಳನ್ನು ನೋಡಿ, ಮರುದಿನ ಕಾರುಗಳ ನಡುವೆ ಓಡುವ ಅವಳ ನಡಿಗೆಯನ್ನು ಎಲ್ಲರೆದುರು ಆಡಿ ತೋರಿಸಿದ್ದ. ಚೆನ್ನಾಗಿಯೇ ಆಡಿದ್ದ, ಥವಿಗೂ ನಗು ಬಂದಿತ್ತು. ಅಮ್ಮ ಬಾರದ ಮಕ್ಕಳಿಗೆಂದು ಟೀಚರೇ ಒಂದು ಕುರ್ಚಿಯಲ್ಲಿ ಕೂತರು. ಮಕ್ಕಳು ಸಾಲಾಗಿ ಬಂದು ತಟ್ಟೆಯಿಂದ ಒಂದೊಂದು ಮಲ್ಲಿಗೆ ಮಾಲೆ ಎತ್ತಿಕೊಳ್ಳಬೇಕು, ಮೊಣಕಾಲೂರಬೇಕು, ಕೊಡಬೇಕು, ಪಾದಕ್ಕೆ ಹಣೆ ಮುಟ್ಟಿಸಬೇಕು. ಮಾಲೆಯನ್ನು ಎತ್ತಿಕೊಂಡ ಕೂಡಲೇ ಅವನ ಬೆರಳಿಗೆ ಅದು ಯಾರ ಕೈಯದೆಂದು ತಿಳಿಯಿತು. ಮಾಲೆಯ ತುದಿಯಲ್ಲಿ ಜೋಲುವ ಕುಚ್ಚಿನ ಗಂಟಿಗೆ ಅವಳು ಮಾತ್ರ ಒಂದು ಸುತ್ತು ಹೆಚ್ಚಿಗೆ ಹಾಕುತ್ತಿದ್ದಳು. ಹಿಂದಿನ ಮಧ್ಯಾಹ್ನ ಯಾರೋ ಹೇಳಿಕಳಿಸಿದ್ದಾರೆಂದು ಅವಳು ಕಟ್ಟುತ್ತ ಕೂತಿದ್ದಾಗ ತೊಟ್ಟು ಕತ್ತರಿಸಿಕೊಟ್ಟವನು ಅವನೇ. ಟೀಚರ ಪಾದದಿಂದ ಹಣೆ ಎತ್ತಿದಾಗ ಬಾಗಿಲ ಪಕ್ಕದ ಕಂಬದ ಹತ್ತಿರ, ಖಾಲಿ ಬುಟ್ಟಿಯನ್ನು ಸೊಂಟಕ್ಕೆ ಆನಿಸಿಕೊಂಡು ಅವಳು ನಿಂತಿದ್ದಳು. ಅವಳ ಬಾಯಿ ಸ್ವಲ್ಪ ತೆರೆದಿತ್ತು. ಅವನು ತಲೆಯೆತ್ತುವುದನ್ನು ಕಂಡು ಅವಳು ಕಂಬದ ಹಿಂದಕ್ಕೆ ಸರಿದಳು. ಬುಟ್ಟಿಯ ಅಂಚು ಮಾತ್ರ ಹೊರಗೆ ಉಳಿಯಿತು. ಸಂಜೆ ಅನ್ನದ ಮೇಲೆ ಮೊಟ್ಟೆ ಕರಿದು ಹಾಕಿ, ಸ್ಕೂಲಲ್ಲಿ ಹೂ ಚೆನ್ನಾಗಿತ್ತಾ ಎಂದು ಕೇಳಿದಳು. ಹ್ಞೂ ಎಂದ. ಯಾರೋ ಬಂದು ತಗೊಂಡುಹೋದ್ರು, ಯಾವ ಸ್ಕೂಲಿಗೋ ಏನೋ ಎಂದಳು. ಮೊಟ್ಟೆಯ ಅಂಚು ಗರಿಗರಿಯಾಗಿತ್ತು, ಅವನಿಗೆ ಇಷ್ಟವಾಗುವ ಹಾಗೆ.

ಹುಲ್ಲಿನ ಟೋಪಿಯ ಹೆಂಗಸು ಏನೋ ಕೇಳುತ್ತಿದ್ದಳು. ನಾಳೆ ಅಮ್ಮಂದಿರ ದಿನವಂತಲ್ಲ, ಮಕ್ಕಳು ಅಮ್ಮನಿಗೆ ಈ ಮಾಲೆಯನ್ನು ಹೇಗೆ ಕೊಡುತ್ತಾರೆ ಎಂಬುದು ಅವಳ ಪ್ರಶ್ನೆ. ಥವಿ ಬಾಯಿಮಾತಿನಲ್ಲಿ ವಿವರಿಸತೊಡಗಿದ. ನಿರಮೊನ್ ಮೇಡಂ ನಡುವೆ ಬಾಯಿ ಹಾಕಿ, ಹೇಳೋದೇಕೆ, ಮಾಡಿಯೇ ತೋರಿಸಬಹುದಲ್ಲ ಎಂದಳು. ಅವಳ ಕಣ್ಣಿನಲ್ಲಿ ಅಷ್ಟು ಹೊತ್ತಿನಲ್ಲಿ ಮೊದಲ ಸಲ ಹುರುಪು ಕಂಡಿತು. ದೊಡ್ಡಮ್ಮ ಅಮ್ಮನಾಗಲಿ, ನೀವು ಮಗನಾಗಿ ಎಂದು ಥಾಯ್ ಭಾಷೆಯಲ್ಲೂ ಇಂಗ್ಲಿಷಿನಲ್ಲೂ ಹೇಳಿದಳು. ಪ್ರವಾಸಿಗಳು ಫೋನುಗಳನ್ನು ಎತ್ತಿ ಹಿಡಿದರು. ಅವನು ತಾಯಿಯ ಮುಖ ನೋಡಿದ. ಮೇಡಂ ಹೇಳಿದ್ದು ಅವಳಿಗೂ ಕೇಳಿಸಿತ್ತು.

"ಆಯ್ತು ಸಾಹೇಬ್ರೇ, ಅದರಲ್ಲೇನಿದೆ" ಎಂದಳು. ಕೊಕ್ಕೆಯಿಂದ ಅವನು ಮಾಲೆ ತೆಗೆಯಲು ಹೋದಾಗ ತಡೆದು, ಮೊಣಕಾಲಿನ ಮೇಲಿದ್ದುದನ್ನು ಕೊಟ್ಟಳು. "ಅವು ದೇವರಿಗೆ. ಇದನ್ನ ಮೂಸಿಯಾಗಿದೆ. ಅಮ್ಮಂಗೆ ಇದು ಸಾಕು."

ರಬ್ಬರ್ ಚಪ್ಪಲಿ ಬಿಚ್ಚಿ ಅವಳು ಪಾದಗಳನ್ನು ಜೋಡಿಸಿ ಇಟ್ಟುಕೊಂಡಳು. ಥವಿ ಒದ್ದೆ ನೆಲದ ಮೇಲೆ ಮೊಣಕಾಲೂರಿದ. ಪ್ಯಾಂಟಿನೊಳಕ್ಕೆ ತಣ್ಣಗಿನ ನೀರು ಇಳಿಯಿತು. ಅವಳ ಪಾದಗಳನ್ನು ಇಷ್ಟು ಹತ್ತಿರದಿಂದ ಅವನು ನೋಡಿರಲಿಲ್ಲ. ಹಿಮ್ಮಡಿ ಬಿರಿದು ಬಿರುಕುಗಳಲ್ಲಿ ಹಸಿರು ಕೂತಿತ್ತು, ಕಿರುಬೆರಳಿಗೆ ಗುಲಾಬಿಯ ಒಂದು ಎಸಳು ಅಂಟಿಕೊಂಡಿತ್ತು. ಮಾಲೆ ಕೊಟ್ಟ. ಅವಳು ತೆಗೆದುಕೊಂಡಾಗ ಅವರಿಬ್ಬರ ಬೆರಳು ತಗುಲಿದವು. ಕೈ ಜೋಡಿಸಿ ಬಾಗಿದ. ಹಣೆ ಪಾದಕ್ಕೆ ತಾಗಿತು. ಐಸಿನ ನೀರಿನಲ್ಲಿ ಇಟ್ಟಿದ್ದಂಥ ಪಾದ. ಈಗ ಒಂದು ಶಬ್ದ ಹೇಳಿದರೆ ಸಾಕು, ಮಗುವಿಗೂ ಬರುವ ಶಬ್ದ, ಈ ಆಟದಲ್ಲಿ ಅದನ್ನು ಹೇಳಲು ಅಪ್ಪಣೆಯೂ ಇದೆ, ಹೇಳಿದರೂ ಯಾರೂ ನಂಬುವುದಿಲ್ಲ ಎಂದು ಅವನ ಒಳಗೆ ಓಡಿತು. ನಂಬುವುದಿಲ್ಲ ಎಂಬುದೇ ಅವನ ಬಾಯಿ ಕಟ್ಟಿತು. ಮೇಲೆ ಫೋನುಗಳ ಸಣ್ಣ ಸದ್ದು. ತಲೆಯ ಮೇಲೆ ಗಾಳಿ ಅಲುಗಿದ ಹಾಗಾಯಿತು. ಅವನು ಎದ್ದುಬಿಟ್ಟ. ಅವಳ ಕೈ ಗಾಳಿಯಲ್ಲಿ, ಅವನ ತಲೆ ಒಂದು ಗಳಿಗೆಯ ಹಿಂದೆ ಇದ್ದ ಜಾಗದಲ್ಲಿ ಇತ್ತು. ಅದನ್ನು ಅವಳು ಹಿಂದಕ್ಕೆ ತೆಗೆದುಕೊಂಡು, ಜನರ ಕಡೆ ತಿರುಗಿ, "ಒಳ್ಳೇದಾಗ್ಲಿ ಗೈಡ್ ಸಾಹೇಬ್ರಿಗೆ" ಎಂದಳು. ಟೋಪಿಯ ಹೆಂಗಸು ಕಣ್ಣು ಒರೆಸಿಕೊಂಡಳು. ಕಿಮ್‌ಲಾಂಗ್ ಅಕ್ಕ ಬೆನ್ನು ತಿರುಗಿಸಿ ಮತ್ತೆ ಚೆಂಡುಹೂವಿಗೆ ನೀರು ಚಿಮುಕಿಸತೊಡಗಿದಳು.

ದೋಣಿಕಟ್ಟೆಗೆ ಹೋಗುವ ದಾರಿಯಲ್ಲಿ ನಿರಮೊನ್ ಮೇಡಂ ಅವನ ಪಕ್ಕದಲ್ಲೇ ನಡೆದಳು. ಹೋಟೆಲಿನ ಯೋಚನೆ ಬೇಡ ಎಂದು ತಾನೇ ಹೇಳುತ್ತೇನೆ ಎಂದಳು. ಕೈ ನಡುಗುವುದೇ ಚೆನ್ನ, ನಿಜ ಅನ್ನಿಸುತ್ತದೆ. ಆದರೆ ಕೊನೆಯಲ್ಲಿ ಈ ಮಾಲೆ ಕೊಟ್ಟು ಬಾಗುವುದನ್ನು ಪ್ರತಿ ಸಲವೂ ಇಡಬೇಕು, ಅಮ್ಮಂದಿರ ದಿನಕ್ಕೆ ಮಾತ್ರ ಯಾಕೆ. "ನೀವು ಇಷ್ಟು ಚೆನ್ನಾಗಿ ಆಕ್ಟ್ ಮಾಡ್ತೀರ ಅಂತ ಗೊತ್ತಿರ್ಲಿಲ್ಲ" ಎಂದಳು, ಮೆಚ್ಚಿಕೊಂಡು. ಥವಿ ಥ್ಯಾಂಕ್ಸ್ ಹೇಳಿದ. ವಾರಕ್ಕೆ ಮೂರು ಬೆಳಗು. ಅವನು ಬಯಸಿದ್ದು ಸಿಕ್ಕಿತ್ತು. ಎಲ್ಲರೂ ದೋಣಿ ಹತ್ತಿದ ಮೇಲೆ, ಬಾವುಟ ಅಂಗಡಿಯಲ್ಲೇ ಬಿಟ್ಟುಬಂದೆ ಎಂದು ಹೇಳಿ ಅವನು ಹಿಂದಕ್ಕೆ ನಡೆದ. ಬಾವುಟ ಅವನ ಚೀಲದಲ್ಲೇ ಇತ್ತು.

ಕಿಮ್‌ಲಾಂಗ್ ಅಕ್ಕ ಎಲ್ಲಿಗೋ ಹೋಗಿದ್ದಳು. ತಾಯಿ ದೇವಾಲಯದ ಮಾಲೆಯನ್ನು ಮೊದಲಿನಿಂದ ಶುರುಮಾಡಿದ್ದಳು. ಮೂಸಿದ ಮಾಲೆ ಅವಳ ಎಡಗೈ ಮಣಿಕಟ್ಟಿಗೆ ಸುತ್ತಿಕೊಂಡಿತ್ತು, ಕೆಲಸಕ್ಕೆ ಅಡ್ಡವಾದರೂ ತೆಗೆದಿರಲಿಲ್ಲ. ಅವನು ಎದುರಿಗೆ ಕುಕ್ಕರಗಾಲಲ್ಲಿ ಕೂತು ತೊಟ್ಟು ಕತ್ತರಿಸಿಕೊಡತೊಡಗಿದ. ಎಷ್ಟೋ ವರ್ಷವಾಗಿದ್ದರೂ ಅಳತೆ ಕೈಗೆ ನೆನಪಿತ್ತು. ಈ ಜಾಗವೇ ಇರುತ್ತದಂತೆ, ಮುಂದೆಯೂ ಬರುತ್ತೇನೆ, ಆ ಕೊನೆಯದನ್ನು ಪ್ರತಿ ಸಲ ಮಾಡಬೇಕಂತೆ ಎಂದು ಹೇಳಿದ. ಅವಳು ತಲೆಯಾಡಿಸಿದಳು. ಪಾಠ ಹೋಟೆಲಿಗೆ ಹೊರಟುಹೋಗಬಹುದಿತ್ತು ಎಂಬುದು ಅವಳಿಗೆ ಗೊತ್ತಿತ್ತೋ ಇಲ್ಲವೋ, ಅವನು ಕೇಳಲಿಲ್ಲ.

"ಮುಂದಿನ ಸಲ ಅಷ್ಟು ಬೇಗ ಏಳ್ಬೇಡ" ಎಂದಳು, ಸೂಜಿಯಿಂದ ಕಣ್ಣೆತ್ತದೆ. "ನಾನು ಕೈ ಇಡೋ ಅಷ್ಟರಲ್ಲಿ ಎದ್ದೇಬಿಟ್ಟೆ."

"ಹ್ಞೂ."

ಅವಳು ನಾಲ್ಕು ಮೊಗ್ಗು ಏರಿಸಿದಳು. ಐದನೆಯದು ಜಾರಿತು. ಅವನು ಅದನ್ನು ನೀರಿನಿಂದ ಎತ್ತಿಕೊಟ್ಟ.

"ಬಗ್ಗೋದು ಮಾತ್ರ ಚೆನ್ನಾಗಿ ಬಗ್ತೀಯ. ಯಾರು ಕಲಿಸಿದ್ರು?"

"ಸ್ಕೂಲಲ್ಲಿ."

"ಹೌದಾ" ಎಂದಳು. ಸೂಜಿಯ ತುದಿ ಅಲುಗುತ್ತಲೇ ಇತ್ತು. "ಚೆನ್ನಾಗಿ ಕಲಿಸಿದಾರೆ."

ದೋಣಿಯ ಸೀಟಿ ಕೇಳಿಸಿತು. ಅವನು ಕತ್ತರಿಯನ್ನು ಕೆಳಗಿಟ್ಟು ಎದ್ದ. ಮೊಣಕಾಲಿನ ಒದ್ದೆ ಇನ್ನೂ ಆರಿರಲಿಲ್ಲ. ಚೀಲದಲ್ಲಿ ಅಂಟನ್ನದ ಪೊಟ್ಟಣ ತಣ್ಣಗಾಗಿತ್ತು. ಆಮೇಲೆ ಎರಡು ವರ್ಷ, ಅವಳ ಕೈ ಸೂಜಿಯನ್ನು ಬಿಡುವ ತನಕ, ವಾರಕ್ಕೆ ಮೂರು ಬೆಳಗು ಅವನು ಅವಳ ಪಾದಕ್ಕೆ ಹಣೆ ಮುಟ್ಟಿಸಿದ. ಏಳುವುದನ್ನು ನಿಧಾನ ಮಾಡಿದ. ಅವಳು ತಲೆಯ ಮೇಲೆ ಕೈ ಇಡುತ್ತಿದ್ದಳು. ಅಂದು ಶಾಲೆಯಲ್ಲಿ ಕಂಬದ ಹಿಂದೆ ಸರಿದವಳನ್ನು ತಾನು ನೋಡಿದ್ದೆ ಎಂದು ಥವಿ ಅವಳಿಗೆ ಹೇಳಲಿಲ್ಲ.